ಎರಾಂಗೆಲ್‌ನಲ್ಲಿ ಕೊನೆಯವರೆಗೆ ಉಳಿಯುವುದು ಹೇಗೆ? ಬಿಜಿಎಂಐ ಸ್ಕ್ವಾಡ್ ಪಂದ್ಯಗಳ ಬಗ್ಗೆ ಪದೇ ಪದೇ ಕೇಳುವ ಪ್ರಶ್ನೆಗಳು

ಇಲ್ಲಿರುವ ಉತ್ತರಗಳೆಲ್ಲ ಬ್ಯಾಟಲ್‌ಗ್ರೌಂಡ್ಸ್ ಮೊಬೈಲ್ ಇಂಡಿಯಾ (ಬಿಜಿಎಂಐ) ಎಂಬ ಮೊಬೈಲ್ ಆಟದಲ್ಲಿ ಕೊನೆಯವರೆಗೆ ಉಳಿದ ತಂಡ ಗೆಲ್ಲುವ ಕ್ಲಾಸಿಕ್ ಮೋಡ್‌ಗೆ, ಅದರಲ್ಲೂ ನಾಲ್ವರ ಸ್ಕ್ವಾಡ್ ಕಟ್ಟಿಕೊಂಡು ಥರ್ಡ್ ಪರ್ಸನ್‌ನಲ್ಲಿ (ಕ್ಯಾಮೆರಾ ನಿಮ್ಮ ಪಾತ್ರದ ಹಿಂದಿರುವ ನೋಟದಲ್ಲಿ) ಆಡುವವರಿಗೆ. ಉದಾಹರಣೆಗಳು ಹೆಚ್ಚಾಗಿ ಎರಾಂಗೆಲ್ ಮ್ಯಾಪಿನವು. ಮಿರಾಮಾರ್‌ಗೂ ಲೆಕ್ಕ ಇದೇ. ಸಾನ್‌ಹೋಕ್, ಲಿವಿಕ್ ಚಿಕ್ಕ ಮ್ಯಾಪುಗಳಾದ್ದರಿಂದ ಅಲ್ಲಿ ಎಲ್ಲವೂ ಇನ್ನೂ ಬೇಗ ನಡೆಯುತ್ತದೆ.

ಕಿಲ್ ಜಾಸ್ತಿ ಮಾಡಿದರೆ ಚಿಕನ್ ಡಿನ್ನರ್ (ಪಂದ್ಯದ ಗೆಲುವು) ಸಿಗುತ್ತದಾ?

ಅಷ್ಟು ಸರಳವಿಲ್ಲ. ಪಂದ್ಯದಲ್ಲಿ 100 ಜನ, ಅಂದರೆ 25 ಸ್ಕ್ವಾಡ್. ಗೆದ್ದ ತಂಡ ಉಳಿದ 24 ತಂಡಗಳನ್ನೂ ತಾನೇ ಹೊಡೆದಿರುವುದಿಲ್ಲ. ಹೆಚ್ಚೆಂದರೆ ನಾಲ್ಕೈದು ತಂಡಗಳ ಜೊತೆ ನೇರವಾಗಿ ಕಾದಾಡಿರುತ್ತದೆ, ಮಿಕ್ಕವರು ತಮ್ಮತಮ್ಮಲ್ಲೇ ಹೊಡೆದಾಡಿ ಹೋಗಿರುತ್ತಾರೆ. ಹಾಗಾಗಿ ಯಾವ ನಾಲ್ಕೈದು ಜಗಳಕ್ಕೆ ಇಳಿಯಬೇಕು, ಎಲ್ಲಿ ನಿಂತು ಇಳಿಯಬೇಕು ಎನ್ನುವುದರ ಮೇಲೆ ಪಂದ್ಯ ನಿಂತಿದೆ.

ಅಧಿಕೃತ ಟೂರ್ನಿಗಳ ಅಂಕಪಟ್ಟಿಯೂ ಇದನ್ನೇ ತೋರಿಸುತ್ತದೆ. ಇತ್ತೀಚಿನ ವರ್ಷಗಳಲ್ಲಿ 16 ತಂಡಗಳ ಪಂದ್ಯದಲ್ಲಿ ಮೊದಲ ಎಂಟು ಸ್ಥಾನಗಳಿಗೆ ಕ್ರಮವಾಗಿ 10, 6, 5, 4, 3, 2, 1, 1 ಅಂಕ. ಪ್ರತಿ ಕಿಲ್‌ಗೆ 1 ಅಂಕ. ಒಂದೂ ಕಿಲ್ ಇಲ್ಲದೆ ಗೆದ್ದ ತಂಡಕ್ಕೂ, ಬೇಗ ಸತ್ತರೂ 10 ಕಿಲ್ ಮಾಡಿದ ತಂಡಕ್ಕೂ ಅಂಕ ಸಮ. ಆದರೆ ಕೊನೆಯ ಸರ್ಕಲ್‌ವರೆಗೆ (ಸರ್ಕಲ್ ಎಂದರೆ ಮ್ಯಾಪಿನಲ್ಲಿ ಕುಗ್ಗುತ್ತಾ ಹೋಗುವ ಸುರಕ್ಷಿತ ವಲಯ, ಝೋನ್ ಎಂದೂ ಕರೆಯುತ್ತಾರೆ) ನಾಲ್ವರೂ ಉಳಿದ ತಂಡಕ್ಕೆ ಅಲ್ಲೇ ಐದಾರು ಕಿಲ್ ತಾವಾಗಿ ಸಿಗುತ್ತವೆ. ಎರಡೂ ಬೇಕೆನ್ನುವವರು ಮೊದಲು ಬದುಕಿರುವುದನ್ನು ಕಲಿಯಬೇಕು.

ಎಲ್ಲಿ ಇಳಿದರೆ ಒಳ್ಳೆಯದು? ಪೊಚಿಂಕಿಗೆ ಹೋಗಬೇಡಿ ಅನ್ನುತ್ತಾರಲ್ಲ?

ಪೊಚಿಂಕಿ, ಸ್ಕೂಲ್, ಮಿಲಿಟರಿ ಬೇಸ್ ಕೆಟ್ಟ ಜಾಗಗಳೇನಲ್ಲ. ಲೂಟ್ (ಹೆಕ್ಕಿಕೊಳ್ಳುವ ಗನ್, ಗುಂಡು ಮುಂತಾದ ಸಾಮಾನು) ಚೆನ್ನಾಗಿದೆ, ಆದ್ದರಿಂದಲೇ ಮೂರು ನಾಲ್ಕು ತಂಡ ಒಟ್ಟಿಗೆ ಬೀಳುತ್ತವೆ. ಯಾರ ಕೈಗೆ ಮೊದಲು ಗನ್ ಸಿಕ್ಕಿತು ಎನ್ನುವ ಅದೃಷ್ಟದ ಮೇಲೆ ಅಲ್ಲಿನ ಮೊದಲ ಒಂದು ನಿಮಿಷ ನಡೆಯುತ್ತದೆ. ಗೆಲ್ಲಲೇಬೇಕು ಎಂದು ಆಡುವ ಪಂದ್ಯವನ್ನು ಅದೃಷ್ಟದ ಕೈಗೆ ಕೊಡಬಾರದು.

ವಿಮಾನದ ದಾರಿ ಕಂಡ ಕೂಡಲೇ ಮೂರು ಪ್ರಶ್ನೆ ಹಾಕಿಕೊಳ್ಳಿ. ದಾರಿಯಿಂದ ಈ ಜಾಗ ಎಷ್ಟು ದೂರ? ನಾಲ್ವರಿಗೆ ಸಾಕಾಗುವಷ್ಟು ಮನೆಗಳಿವೆಯೇ? ಹೊರಡಲು ಗಾಡಿ ಸಿಗುತ್ತದೆಯೇ? ವಿಮಾನದ ದಾರಿಯಿಂದ 1 ರಿಂದ 2 ಕಿಲೋಮೀಟರ್ ಪಕ್ಕಕ್ಕಿರುವ ಊರುಗಳು ಬಹಳ ಸಲ ಖಾಲಿ ಸಿಗುತ್ತವೆ. ಯಾಸ್ನಾಯಾ ಪೊಲ್ಯಾನಾ ದೊಡ್ಡ ಊರು. ಎರಡು ತಂಡ ಬಿದ್ದರೂ ಬೇರೆ ಬೇರೆ ತುದಿಯಲ್ಲಿ ಲೂಟ್ ಮಾಡಿಕೊಳ್ಳಬಹುದು. ಮೈಲ್ಟಾ ಪವರ್, ಪ್ರಿಸನ್, ಲಿಪೋವ್ಕಾ ಪೂರ್ವದ ಅಂಚಿನಲ್ಲಿವೆ. ಲೂಟ್ ನೆಮ್ಮದಿಯಾಗಿ ಆಗುತ್ತದೆ, ಆದರೆ ಝೋನ್ ಪಶ್ಚಿಮಕ್ಕೆ ಬಿದ್ದರೆ ದೂರ ಓಡಬೇಕು. ರೊಜೋಕ್ ಮ್ಯಾಪಿನ ನಡುಭಾಗಕ್ಕೆ ಹತ್ತಿರ. ಸರ್ಕಲ್ ಎಲ್ಲಿ ಬಿದ್ದರೂ ಅಲ್ಲಿಂದ ತೀರಾ ದೂರವಾಗುವುದಿಲ್ಲ.

ಮಿಲಿಟರಿ ಬೇಸ್ ಇರುವ ಸೊಸ್ನೋವ್ಕಾ ದ್ವೀಪಕ್ಕೆ ಇಳಿಯುವುದಾದರೆ ಒಂದು ಎಚ್ಚರ. ಅಲ್ಲಿಂದ ದೊಡ್ಡ ನೆಲಕ್ಕೆ ಎರಡೇ ಸೇತುವೆ. ಝೋನ್ ಉತ್ತರಕ್ಕೆ ಬಿದ್ದರೆ ಆ ಸೇತುವೆಗಳ ಆಚೆ ತುದಿಯಲ್ಲಿ ಯಾರಾದರೂ ಗಾಡಿ ಅಡ್ಡ ನಿಲ್ಲಿಸಿ ಕಾಯುತ್ತಿರುತ್ತಾರೆ. ದೋಣಿ ಎಲ್ಲಿದೆ ಎಂದು ಲೂಟ್ ಮಾಡುವಾಗಲೇ ಒಬ್ಬರು ನೋಡಿಟ್ಟಿರಲಿ.

ಎಲ್ಲಕ್ಕಿಂತ ಮುಖ್ಯವಾದದ್ದು, ಪ್ರತಿ ಪಂದ್ಯಕ್ಕೂ ಊರು ಬದಲಿಸಬೇಡಿ. ಎರಡು ಮೂರು ಊರುಗಳನ್ನು ನಿಮ್ಮವೆಂದು ಇಟ್ಟುಕೊಂಡು, ಯಾರಿಗೆ ಯಾವ ಮನೆಸಾಲು ಎಂದು ಮೊದಲೇ ಹಂಚಿಕೊಳ್ಳಿ. ಇಪ್ಪತ್ತು ಪಂದ್ಯ ಅದೇ ಊರಿನಲ್ಲಿ ಇಳಿದ ಮೇಲೆ ಯಾವ ಕಿಟಕಿಯಿಂದ ಯಾವ ರಸ್ತೆ ಕಾಣುತ್ತದೆ ಎನ್ನುವುದು ಕಣ್ಣಿಗೆ ಕಟ್ಟಿರುತ್ತದೆ.

ನಾವು ಯಾವಾಗಲೂ ಎಲ್ಲರಿಗಿಂತ ತಡವಾಗಿ ನೆಲ ಮುಟ್ಟುತ್ತೇವೆ. ಏಕೆ?

ಬೇಗ ಜಿಗಿದು ಅಡ್ಡಡ್ಡ ತೇಲಿಕೊಂಡು ಬರುವುದರಿಂದ. ಇಳಿಯುವ ಜಾಗಕ್ಕೆ ಮ್ಯಾಪಿನಲ್ಲಿ ಗುರುತು ಹಾಕಿ. ಗುರುತಿನವರೆಗಿನ ದೂರ 750 ರಿಂದ 800 ಮೀಟರ್‌ಗೆ ಬಂದಾಗ ಜಿಗಿಯಿರಿ. ಆಮೇಲೆ ಕ್ಯಾಮೆರಾವನ್ನು ನೆಲದ ಕಡೆ ತಿರುಗಿಸಿ ಜಾಯ್‌ಸ್ಟಿಕ್ ಮುಂದಕ್ಕೆ ಒತ್ತಿ ಹಿಡಿಯಿರಿ. ವೇಗ ಗಂಟೆಗೆ 234 ಕಿಲೋಮೀಟರ್ ಮುಟ್ಟಬೇಕು, ಅದಕ್ಕಿಂತ ಕಡಿಮೆ ಕಾಣುತ್ತಿದ್ದರೆ ನೀವು ಇನ್ನೂ ಓರೆಯಾಗಿದ್ದೀರಿ ಎಂದರ್ಥ. ಪ್ಯಾರಾಚೂಟ್ ತಾನಾಗಿ ಬಿಚ್ಚಿಕೊಳ್ಳುವವರೆಗೆ ಕೈ ಹಾಕಬೇಡಿ. ಎತ್ತರದ ದಿಬ್ಬದ ಮೇಲೆ ಹಾದುಹೋದರೆ ಅದು ಬೇಗ ಬಿಚ್ಚಿಕೊಂಡು ನಿಮ್ಮನ್ನು ಗಾಳಿಯಲ್ಲೇ ನೇತುಹಾಕುತ್ತದೆ. ಆದ್ದರಿಂದ ಗುಡ್ಡ ತಪ್ಪಿಸಿ ತಗ್ಗಿನ ಕಡೆಯಿಂದ ಬನ್ನಿ. ಕೆಳಗೆ ಬರುತ್ತಾ ಸುತ್ತ ಕಣ್ಣಾಡಿಸಿ ಎಷ್ಟು ಪ್ಯಾರಾಚೂಟ್, ಯಾವ ಕಡೆ ಎಂದು ಎಣಿಸಿ ಹೇಳಿ. ಪಂದ್ಯದಲ್ಲಿ ಪುಕ್ಕಟೆಯಾಗಿ ಸಿಗುವ ಮೊದಲ ಮಾಹಿತಿ ಅದು.

ಲೂಟ್ ಎಷ್ಟು ಹೊತ್ತು? ಏನನ್ನು ಎಷ್ಟು ಇಟ್ಟುಕೊಳ್ಳಬೇಕು?

ಐದಾರು ನಿಮಿಷ ಸಾಕು. 8x ಸ್ಕೋಪ್ ಸಿಗಲಿಲ್ಲ ಎಂದು ಇನ್ನೊಂದು ಮನೆ, ಮತ್ತೊಂದು ಮನೆ ಎಂದು ಹುಡುಕುತ್ತಾ ಹೋದವರು ಝೋನ್ ಹಿಂದೆ ಓಡುವವರಾಗುತ್ತಾರೆ.

ಒಬ್ಬರ ಚೀಲದಲ್ಲಿ ಇರಬೇಕಾದ್ದು ಹೀಗೆ: ಮುಖ್ಯ ರೈಫಲ್‌ಗೆ 180 ರಿಂದ 200 ಗುಂಡು, ಎರಡನೆಯದು ಬೋಲ್ಟ್ ಸ್ನೈಪರ್ ಆದರೆ ಅದಕ್ಕೆ 40. ಫಸ್ಟ್ ಏಡ್ 5, ಬ್ಯಾಂಡೇಜ್ 5, ಎನರ್ಜಿ ಡ್ರಿಂಕ್ 5 ಅಥವಾ 6, ಪೇನ್‌ಕಿಲ್ಲರ್ 3. ಸ್ಮೋಕ್ (ಹೊಗೆ ಗ್ರೆನೇಡ್) 4, ಫ್ರ್ಯಾಗ್ (ಸಿಡಿಯುವ) ಗ್ರೆನೇಡ್ 3, ಮೊಲೊಟೊವ್ (ಬೆಂಕಿ ಬಾಟಲಿ) 1. ಹೊಸಬರ ಚೀಲ ತೆರೆದು ನೋಡಿದರೆ ಸಾಮಾನ್ಯವಾಗಿ 400 ಗುಂಡು ಇರುತ್ತವೆ, ಸ್ಮೋಕ್ ಒಂದೂ ಇರುವುದಿಲ್ಲ. 400 ಗುಂಡು ಖಾಲಿಯಾಗುವಷ್ಟು ಹೊತ್ತು ಸ್ಮೋಕ್ ಇಲ್ಲದವರು ಬದುಕಿರುವುದು ಅಪರೂಪ.

ಹೆಲ್ಮೆಟ್, ವೆಸ್ಟ್ ವಿಷಯದಲ್ಲಿ: ಲೆವೆಲ್ 1 ಹಾನಿಯನ್ನು 30 ಶೇಕಡಾ, ಲೆವೆಲ್ 2 ಆದರೆ 40 ಶೇಕಡಾ, ಲೆವೆಲ್ 3 ಆದರೆ 55 ಶೇಕಡಾ ತಗ್ಗಿಸುತ್ತದೆ. ಹೊಡೆತ ತಿಂದಷ್ಟೂ ಅದರ ಬಾಳಿಕೆ ಇಳಿಯುತ್ತದೆ. ಸತ್ತ ಶತ್ರು ಬಿಟ್ಟುಹೋದ ಪೆಟ್ಟಿಗೆಯಲ್ಲಿರುವ, ಇನ್ನೊಂದು ಗುಂಡಿಗೆ ಒಡೆಯುವಂತಿರುವ ಲೆವೆಲ್ 3 ಹೆಲ್ಮೆಟ್‌ಗಿಂತ ನಿಮ್ಮ ತಲೆಯ ಮೇಲಿರುವ ಹೊಸ ಲೆವೆಲ್ 2 ಮೇಲು.

ಯಾವ ಗನ್ ಜೋಡಿ ತೆಗೆದುಕೊಳ್ಳಲಿ?

ಎಂ416 ಜೊತೆ ಒಂದು ದೂರದ ಗನ್. ಹೊಸಬರಿಗೆ ದೂರದ್ದು ಮಿನಿ14 ಆಗಲಿ. ಅದೂ 5.56 ಗುಂಡನ್ನೇ ತಿನ್ನುತ್ತದೆ, ಎರಡು ಬಗೆಯ ಗುಂಡು ಹೊರುವ ತಾಪತ್ರಯವಿಲ್ಲ, ಮ್ಯಾಗಜೀನ್‌ನಲ್ಲಿ 20 ಗುಂಡು ಇರುತ್ತವೆ, ಒಂದು ತಪ್ಪಿದರೆ ಇನ್ನೊಂದು ಹೊಡೆಯಬಹುದು.

ಎಂ416ನ ತೊಡಕೆಂದರೆ ಅದಕ್ಕೆ ಅಟ್ಯಾಚ್‌ಮೆಂಟ್ ಹಸಿವು ಜಾಸ್ತಿ. ಮೂತಿಗೆ ಕಾಂಪೆನ್ಸೇಟರ್, ಕೆಳಗೆ ಗ್ರಿಪ್, ಎಕ್ಸ್‌ಟೆಂಡೆಡ್ ಮ್ಯಾಗ್, ಹಿಂದೆ ಟ್ಯಾಕ್ಟಿಕಲ್ ಸ್ಟಾಕ್, ಮೇಲೆ ಸ್ಕೋಪ್, ಒಟ್ಟು ಐದು. ಇವು ಸೇರಿದ ಮೇಲೆಯೇ ಅದು ನಿಜವಾದ ಎಂ416. ಎಕೆಎಂಗೆ ಗ್ರಿಪ್ ಹಾಕುವಂತಿಲ್ಲ. ಹೊಡೆತ ಜೋರು, ಆದರೆ 50 ಮೀಟರ್ ದಾಟಿದ ಮೇಲೆ ಒತ್ತಿ ಹಿಡಿದರೆ ಮೂತಿ ಆಕಾಶ ನೋಡುತ್ತದೆ. ಮೂರು ಮೂರು ಗುಂಡಾಗಿ ಬಿಡಬೇಕು. ಬೆರಿಲ್ ಎಂ762 ಮನೆಯೊಳಗೆ ಬಲು ಭಯಂಕರ, ದೂರಕ್ಕೆ ಬೇಡ. ಯುಎಂಪಿ45 ಮೊದಲ ಹತ್ತು ನಿಮಿಷಕ್ಕೆ ಹೇಳಿ ಮಾಡಿಸಿದ್ದು, ಏನೂ ಜೋಡಿಸದಿದ್ದರೂ ನೇರವಾಗಿ ಹೋಗುತ್ತದೆ.

ಕಾರ್98ಕೆ ಅಥವಾ ಎಂ24 ತಲೆಗೆ ಬಿದ್ದರೆ ಲೆವೆಲ್ 2 ಹೆಲ್ಮೆಟ್ ಇದ್ದವರೂ ಒಂದೇ ಏಟಿಗೆ ನಾಕ್ (ಪೂರಾ ಸಾಯದೆ ನೆಲಕ್ಕೆ ಬೀಳುವುದು). ಲೆವೆಲ್ 3 ಇದ್ದವರನ್ನು ಒಂದೇ ಏಟಿಗೆ ಬೀಳಿಸುವುದು ಏರ್‌ಡ್ರಾಪ್‌ನ (ಪಂದ್ಯದ ನಡುವೆ ವಿಮಾನದಿಂದ ಬೀಳುವ ಪೆಟ್ಟಿಗೆಯ) ಎಡಬ್ಲ್ಯುಎಂ ಸ್ನೈಪರ್. ಸ್ಕ್ವಾಡ್‌ನಲ್ಲಿ ಬೋಲ್ಟ್ ಸ್ನೈಪರ್ ಒಬ್ಬರ ಕೈಯಲ್ಲಿದ್ದರೆ ಸಾಕು. ನಾಲ್ವರೂ ಸ್ನೈಪರ್ ಹಿಡಿದ ತಂಡದ ಮೇಲೆ ರಶ್ (ಹತ್ತಿರಕ್ಕೆ ನುಗ್ಗಿ ಮಾಡುವ ದಾಳಿ) ಬಂದರೆ ಎದುರು ನಿಲ್ಲುವವರೇ ಇರುವುದಿಲ್ಲ.

ಸ್ಪ್ರೇ ಮಾಡಿದರೆ (ಒತ್ತಿ ಹಿಡಿದು ಒಂದೇ ಸಮ ಗುಂಡು ಹಾರಿಸಿದರೆ) ಗನ್ ಮೇಲಕ್ಕೆ ಹೋಗುತ್ತದೆ. ಯಾರ ಸೆನ್ಸಿಟಿವಿಟಿ ಕೋಡ್ ಹಾಕಲಿ?

ಯಾರದ್ದೂ ಬೇಡ. ಬೆರಳು ಎಳೆದಾಗ ಗುರಿ ಎಷ್ಟು ಸರಿಯುತ್ತದೆ ಎನ್ನುವ ಸೆಟ್ಟಿಂಗೇ ಸೆನ್ಸಿಟಿವಿಟಿ. ಅವರ ಫೋನಿನ ಪರದೆ ಬೇರೆ, ಬೆರಳಿನ ಅಭ್ಯಾಸ ಬೇರೆ. ನಿಮ್ಮದನ್ನು ನೀವೇ ಅಳೆದುಕೊಳ್ಳುವ ವಿಧಾನ ಹೀಗಿದೆ.

ಟ್ರೈನಿಂಗ್ ಗ್ರೌಂಡ್‌ಗೆ ಹೋಗಿ. ಎಂ416ಗೆ ಕಾಂಪೆನ್ಸೇಟರ್, ಗ್ರಿಪ್, ಸ್ಟಾಕ್, 3x ಹಾಕಿ. 50 ಮೀಟರ್ ದೂರದ ಗೋಡೆಯ ಮೇಲೆ ಒಂದು ಕಲೆ ಆರಿಸಿಕೊಂಡು ಪೂರಾ ಮ್ಯಾಗಜೀನ್ ಖಾಲಿ ಮಾಡಿ. ಬೆರಳನ್ನು ಅಥವಾ ಫೋನನ್ನು ಸಹಜವಾಗಿ ಕೆಳಕ್ಕೆ ಎಳೆಯುತ್ತಿರಿ. ಗುಂಡಿನ ಗುರುತು ಕಲೆಯಿಂದ ಮೇಲೆ ಏರಿದ್ದರೆ 3xನ ಎಡಿಎಸ್ (ಸ್ಕೋಪ್‌ನಲ್ಲಿ ನೋಡುತ್ತಾ ಗುಂಡು ಹಾರಿಸುವಾಗಿನ ಸೆನ್ಸಿಟಿವಿಟಿ) ಸಂಖ್ಯೆಯನ್ನು 5 ಶೇಕಡಾ ಏರಿಸಿ. ಕೆಳಕ್ಕೆ ಇಳಿದಿದ್ದರೆ 5 ಶೇಕಡಾ ಇಳಿಸಿ. ಮತ್ತೆ ಹೊಡೆಯಿರಿ. ಹತ್ತು ಮ್ಯಾಗಜೀನ್ ಮುಗಿಯುವಷ್ಟರಲ್ಲಿ ನಿಮ್ಮ ಸಂಖ್ಯೆ ಸಿಕ್ಕಿರುತ್ತದೆ. ಗೈರೋಸ್ಕೋಪ್ ಬಳಸುವವರು, ಅಂದರೆ ಫೋನನ್ನೇ ಓರೆ ಮಾಡಿ ಗುರಿಯಿಡುವವರು, ಎಡಿಎಸ್ ಗೈರೋ ಸಂಖ್ಯೆಯನ್ನು ಹೀಗೆಯೇ ಹೊಂದಿಸಿಕೊಳ್ಳಬೇಕು. ರೆಡ್ ಡಾಟ್, 3x, 4x, 6x ಪ್ರತಿಯೊಂದನ್ನೂ ಬೇರೆಯಾಗಿಯೇ ಅಳೆಯಬೇಕು. 6x ಸ್ಕೋಪನ್ನು 3xವರೆಗೆ ಇಳಿಸಿಕೊಳ್ಳಬಹುದು, ಹಾಗೆ ಇಳಿಸಿ ಸ್ಪ್ರೇ ಮಾಡುವ ಅಭ್ಯಾಸ ಇಟ್ಟುಕೊಂಡರೆ ಕೊನೆಯ ಸರ್ಕಲ್‌ಗಳಲ್ಲಿ ತುಂಬ ಉಪಯೋಗ.

ಸಂಖ್ಯೆ ಸಿಕ್ಕ ಮೇಲೆ ಒಂದು ತಿಂಗಳು ಅದನ್ನು ಮುಟ್ಟಬೇಡಿ. ದಿನಕ್ಕೊಂದು ಸೆನ್ಸಿಟಿವಿಟಿ ಹಾಕುವವರ ಕೈ ಯಾವುದಕ್ಕೂ ಪಳಗುವುದಿಲ್ಲ.

ಓಡುತ್ತಿರುವವನಿಗೆ ಸ್ನೈಪರ್ ಗುಂಡು ಏಕೆ ತಾಗುವುದಿಲ್ಲ?

ಗುಂಡು ಅಲ್ಲಿಗೆ ತಲುಪಲು ಸಮಯ ಬೇಕು. ಕಾರ್98ಕೆ ಗುಂಡಿನ ವೇಗ ಸೆಕೆಂಡಿಗೆ ಸುಮಾರು 760 ಮೀಟರ್. 300 ಮೀಟರ್ ದೂರಕ್ಕೆ ಹೋಗಲು ಹತ್ತಿರ ಹತ್ತಿರ 0.4 ಸೆಕೆಂಡ್. ಅಷ್ಟರಲ್ಲಿ, ಸೆಕೆಂಡಿಗೆ 6 ಮೀಟರ್ ಓಡುವವನು ಎರಡೂವರೆ ಮೀಟರ್ ಮುಂದೆ ಹೋಗಿರುತ್ತಾನೆ. ಆದ್ದರಿಂದ ಅಡ್ಡ ಓಡುವವನಿಗಿಂತ ಒಂದೂವರೆ ಆಳುದ್ದ ಮುಂದೆ, ತುಸು ಮೇಲೆ ಗುರಿಯಿಡಿ. ನಿಮ್ಮ ಕಡೆಗೇ ಅಥವಾ ನಿಮ್ಮಿಂದ ದೂರಕ್ಕೆ ನೇರ ಓಡುತ್ತಿದ್ದರೆ ಈ ಲೆಕ್ಕ ಬೇಕಿಲ್ಲ. ಇನ್ನೂ ಸುಲಭದ ದಾರಿ ಬೇಕೆಂದರೆ, ಅವನು ನಿಲ್ಲುವವರೆಗೆ ಕಾಯಿರಿ. ಪೆಟ್ಟಿಗೆ ತೆರೆಯುವವನು, ಗಾಡಿ ಹತ್ತುವವನು, ಹೀಲ್ ಮಾಡುವವನು ನಿಲ್ಲಲೇಬೇಕು.

ಝೋನ್‌ಗೆ ಯಾವಾಗ ಹೊರಡಬೇಕು? ನಾವು ಯಾವಾಗಲೂ ದಾರಿಯಲ್ಲೇ ಸಾಯುತ್ತೇವೆ.

ಸ್ಕ್ವಾಡ್‌ಗಳು ಸೋಲುವುದು ಹೆಚ್ಚಾಗಿ ಇಲ್ಲಿಯೇ. ಹಾಗಾಗಿ ಸ್ವಲ್ಪ ನಿಧಾನವಾಗಿ ನೋಡೋಣ.

ಮೊದಲು ದೂರದ ಲೆಕ್ಕ. ಎರಾಂಗೆಲ್ 8 ಕಿಲೋಮೀಟರ್ ಉದ್ದ, 8 ಕಿಲೋಮೀಟರ್ ಅಗಲ. ಮ್ಯಾಪಿನ ದೊಡ್ಡ ಚೌಕ 1 ಕಿಲೋಮೀಟರ್, ಚಿಕ್ಕ ಚೌಕ 100 ಮೀಟರ್. ಒಂದು ಚಿಕ್ಕ ಚೌಕ ಓಡಲು ಸುಮಾರು 17 ಸೆಕೆಂಡ್. ಬಿಳಿ ಗೆರೆ, ಅಂದರೆ ಮುಂದಿನ ಸರ್ಕಲ್‌ನ ಅಂಚು, ನಿಮ್ಮಿಂದ 12 ಚಿಕ್ಕ ಚೌಕ ದೂರವಿದ್ದರೆ ಏನೂ ಅಡ್ಡಿಯಿಲ್ಲದೆ ಓಡಿದರೂ ಮೂರೂವರೆ ನಿಮಿಷ ಬೇಕು. ಟೈಮರ್‌ನಲ್ಲಿ ಎರಡು ನಿಮಿಷ ಕಾಣುತ್ತಿದೆಯೆಂದರೆ ನೀವು ಈಗಾಗಲೇ ತಡ. ಗನ್ ಬೆನ್ನಿಗೆ ಸಿಕ್ಕಿಸಿ ಬರಿಗೈಯಲ್ಲಿ ಓಡಿದರೆ ತುಸು ಬೇಗ ಹೋಗಬಹುದು, ಆದರೆ ಹತ್ತಿರ ಯಾರೂ ಇಲ್ಲವೆಂದು ಖಾತ್ರಿಯಿದ್ದಾಗ ಮಾತ್ರ.

ಹೊರಡುವ ಸಮಯ ಎರಡೇ. ಬಿಳಿ ಸರ್ಕಲ್ ಕಂಡ ತಕ್ಷಣ ಹೊರಟು, ಒಳಗೆ ಒಂದು ಒಳ್ಳೆಯ ಕಂಪೌಂಡ್ ಅಥವಾ ದಿಬ್ಬವನ್ನು ಬೇರೆಯವರಿಗಿಂತ ಮುಂಚೆ ಹಿಡಿಯುವುದು ಒಂದು ದಾರಿ. ನೀಲಿ ಝೋನ್ (ಸರ್ಕಲ್ ಹೊರಗಿನ, ಒಳಗಿದ್ದವರ ಜೀವ ತಿನ್ನುವ ವಲಯ) ಜೊತೆಜೊತೆಗೇ ಅಂಚಿನಲ್ಲಿ ನಡೆಯುತ್ತಾ, ಬೆನ್ನ ಹಿಂದೆ ಯಾರೂ ಇಲ್ಲವೆಂದು ಖಚಿತಪಡಿಸಿಕೊಂಡು ಮುಂದೆ ಹೋಗುವುದು ಇನ್ನೊಂದು ದಾರಿ. ಎರಡಕ್ಕೂ ಬೆಲೆಯಿದೆ. ಮೊದಲು ಬಂದವರಿಗೆ ಸುತ್ತಲಿಂದಲೂ ಜನ ಬರುತ್ತಾರೆ, ಕಾಯುವ ತಾಳ್ಮೆ ಬೇಕು. ಅಂಚಿನವರಿಗೆ ಬೆನ್ನು ಸುರಕ್ಷಿತ, ಆದರೆ ಮುಂದಿನ ಕವರ್‌ಗಳಲ್ಲಿ ಯಾರೋ ಕುಳಿತಿರುತ್ತಾರೆ. ಇವೆರಡರ ನಡುವೆ, ಎಲ್ಲರೂ ಓಡುವ ಹೊತ್ತಿಗೆ ಎಲ್ಲರೂ ಓಡುವ ರಸ್ತೆಯಲ್ಲಿ ಹೊರಡುವವರು ದಾರಿಯಲ್ಲಿ ಸಾಯುತ್ತಾರೆ.

ಜಾಗ ಆರಿಸುವಾಗ ಸರ್ಕಲ್‌ನ ನಟ್ಟನಡುವೆಯೇ ಬೇಕೆಂದು ಹಟ ಬೇಡ. ಮುಂದಿನ ಸರ್ಕಲ್ ಈಗಿನದರ ಒಳಗೆ ಎಲ್ಲಿ ಬೇಕಾದರೂ ಬೀಳಬಹುದು. ನಡುವಿನಿಂದ ಸ್ವಲ್ಪ ಪಕ್ಕಕ್ಕೆ, ಎತ್ತರದಲ್ಲಿ, ಹೊರಡಲು ಎರಡು ದಾರಿ ಇರುವ ಜಾಗ ಮೇಲು. ಆ ಎರಡನೆಯ ದಾರಿ ಇಲ್ಲದ ಮನೆ ಎಷ್ಟೇ ಗಟ್ಟಿಯಿದ್ದರೂ ಬೋನು.

ಮೊದಲ ಒಂದೆರಡು ಝೋನ್‌ಗಳ ಹಾನಿ ಕಡಿಮೆ. ಅಗತ್ಯ ಬಿದ್ದರೆ ಒಂದೆರಡು ಫಸ್ಟ್ ಏಡ್ ಖರ್ಚು ಮಾಡಿ ನೀಲಿಯೊಳಗೇ ಸುತ್ತುಬಳಸಿ ಬರಬಹುದು. ಗುಂಡಿನ ಮಳೆಯಲ್ಲಿ ನೇರ ಹೋಗುವುದಕ್ಕಿಂತ ಅದು ಎಷ್ಟೋ ವಾಸಿ. ಐದನೆಯ ಸರ್ಕಲ್ ಆದ ಮೇಲೆ ಈ ಯೋಚನೆಯನ್ನೇ ಬಿಟ್ಟುಬಿಡಿ, ಹೀಲ್ ಮಾಡುವ ವೇಗಕ್ಕಿಂತ ಝೋನ್ ತಿನ್ನುವ ವೇಗ ಹೆಚ್ಚು.

ಗಾಡಿ ಇಟ್ಟುಕೊಳ್ಳಬೇಕಾ?

ನಾಲ್ವರಿಗೆ ಎರಡು ಗಾಡಿ ಇದ್ದರೆ ಉತ್ತಮ. ಒಂದೇ ಗಾಡಿಯಲ್ಲಿ ನಾಲ್ವರೂ ಇದ್ದಾಗ ಅದು ಸ್ಫೋಟಿಸಿದರೆ ಪಂದ್ಯ ಮುಗಿಯಿತು. ಯುಎಝಡ್ ನಿಧಾನ, ಆದರೆ ತಡೆದುಕೊಳ್ಳುತ್ತದೆ. ಡಾಸಿಯಾ ರಸ್ತೆಯಲ್ಲಿ ಚುರುಕು, ಗುಡ್ಡದಲ್ಲಿ ಏದುಸಿರು ಬಿಡುತ್ತದೆ. ಬಗ್ಗಿಯಲ್ಲಿ ಇಬ್ಬರಿಗೆ ಜಾಗ. ಬಯಲಿನಲ್ಲಿ ಕವರ್ ಸಿಗದಿದ್ದರೆ ಗಾಡಿಯನ್ನು ಅಡ್ಡ ನಿಲ್ಲಿಸಿ ಚಕ್ರದ ಹಿಂದೆ ಕೂತುಕೊಳ್ಳಿ, ನಡುವೆ ಕೂತರೆ ಕೆಳಗಿನಿಂದ ಕಾಲಿಗೆ ಬೀಳುತ್ತದೆ. ಹೊಗೆ ಬರತೊಡಗಿದ ಗಾಡಿಯ ಹತ್ತಿರ ಮಾತ್ರ ಒಂದು ಕ್ಷಣವೂ ನಿಲ್ಲಬೇಡಿ. ಓಡುತ್ತಿರುವ ಗಾಡಿಯಿಂದ ಜಿಗಿದರೆ ಜೀವ ಇಳಿಯುತ್ತದೆ, ಬ್ರೇಕ್ ಹಾಕಿ ಇಳಿಯಿರಿ. ನೀವು ಅಡಗಬೇಕೆಂದಿರುವ ಮನೆಯ ಬಾಗಿಲಲ್ಲೇ ಗಾಡಿ ನಿಲ್ಲಿಸುವುದು ಬೋರ್ಡ್ ಹಾಕಿದ ಹಾಗೆ.

ಎದುರು ಮನೆಯಲ್ಲಿ ತಂಡವಿದೆ. ರಶ್ ಮಾಡುವುದು ಹೇಗೆ?

ಮೊದಲು ರಶ್ ಮಾಡಲೇಬೇಕೇ ಎಂದು ಕೇಳಿಕೊಳ್ಳಿ. ಅವರಲ್ಲಿ ಒಬ್ಬ ನಾಕ್ ಆಗಿದ್ದರೆ ಹೌದು. ಆ ಮನೆಯಿಲ್ಲದೆ ಮುಂದಿನ ಝೋನ್‌ಗೆ ದಾರಿಯಿಲ್ಲ ಎಂದಾದರೂ ಹೌದು. ನಾಲ್ವರೂ ಗಟ್ಟಿಯಾಗಿದ್ದು, ನಿಮಗೆ ಬೇರೆ ದಾರಿಯಿದ್ದರೆ ಬೇಡ.

ಮಾಡುವುದಾದರೆ ಹತ್ತಿರ ಹೋಗುವ ದಾರಿಗೆ ಮೂರು ಸ್ಮೋಕ್ ಸಾಲಾಗಿ ಎಸೆಯಿರಿ, ಹೊಗೆ ತುಂಬಲು ಕೆಲವು ಸೆಕೆಂಡ್ ಬಿಡಿ. ಒಬ್ಬರು ಹಿಂದೆ ಉಳಿದು ಕಿಟಕಿಗಳಿಗೆ ಗುಂಡು ಹಾರಿಸುತ್ತಾ ಅವರ ತಲೆ ಮೇಲೇಳದಂತೆ ನೋಡಿಕೊಳ್ಳಲಿ. ಮೂವರು ಗೋಡೆಗೆ ತಾಗಿ ನಿಂತು, ಯಾವ ಮಹಡಿಯಲ್ಲಿ ಹೆಜ್ಜೆ ಸದ್ದಿದೆ ಎಂದು ಕಿವಿಗೊಡಿ. ಮಿನಿಮ್ಯಾಪಿನಲ್ಲೂ ಹೆಜ್ಜೆ ಗುರುತು ಕಾಣುತ್ತದೆ. ಆಮೇಲೆ ಗ್ರೆನೇಡ್. ಪಿನ್ ತೆಗೆದ ಮೇಲೆ ಪರದೆಯ ಎಣಿಕೆ ನೋಡುತ್ತಾ ಕೈಯಲ್ಲೇ ಹಿಡಿದಿದ್ದು, ನೆಲ ಮುಟ್ಟುವಾಗ ಒಂದೂವರೆ ಎರಡು ಸೆಕೆಂಡ್ ಮಾತ್ರ ಉಳಿದಿರುವಂತೆ ಎಸೆಯಿರಿ. ಪಿನ್ ತೆಗೆದ ಕೂಡಲೇ ಎಸೆದರೆ ಅವರು ಆರಾಮವಾಗಿ ಪಕ್ಕದ ಕೋಣೆಗೆ ಹೋಗುತ್ತಾರೆ. ಇಬ್ಬರು ಒಂದೇ ಬಾರಿಗೆ ಬೇರೆ ಬೇರೆ ಕಿಟಕಿಗೆ ಹಾಕಿದರೆ ಹೋಗಲು ಕೋಣೆಯೇ ಉಳಿಯುವುದಿಲ್ಲ.

ಸ್ಫೋಟದ ಸದ್ದಿನ ಜೊತೆಗೇ ಒಳಗೆ ನುಗ್ಗಿ. ಮೆಟ್ಟಿಲಿನಲ್ಲಿ ಒಬ್ಬರ ಹಿಂದೊಬ್ಬರು ತೀರಾ ಅಂಟಿಕೊಂಡು ಏರಬೇಡಿ, ಮೇಲಿನವನ ಒಂದು ಸ್ಪ್ರೇಗೆ ಮೂವರೂ ಬೀಳುತ್ತೀರಿ. ಮೊದಲನೆಯವರು ಮೇಲೆ ಕಾಣಿಸಿಕೊಂಡು ಹಿಂದೆ ಸರಿಯಲಿ, ಅವನು ಗುಂಡು ಖಾಲಿ ಮಾಡಿ ರೀಲೋಡ್‌ಗೆ ಹೋದ ಕ್ಷಣ ಎರಡನೆಯವರು ಏರಲಿ. ಮೆಟ್ಟಿಲ ಮೇಲೆಯೇ ಯಾರಾದರೂ ಮಲಗಿ ಕಾಯುತ್ತಿದ್ದರೆ ಮೊಲೊಟೊವ್ ಅದಕ್ಕೆಂದೇ ಇರುವುದು.

ಗೆದ್ದ ಮೇಲೆ ನಾಲ್ವರೂ ಪೆಟ್ಟಿಗೆಗಳ ಮೇಲೆ ಬೀಳಬೇಡಿ. ಇಬ್ಬರು ಲೂಟ್, ಇಬ್ಬರು ಕಾವಲು. ಗುಂಡಿನ ಸದ್ದು ಕೇಳಿ ಮೂರನೆಯ ತಂಡ ಆಗಲೇ ಹೊರಟಿರುತ್ತದೆ.

ಬಯಲಿನಲ್ಲಿ ಹಠಾತ್ ಗುಂಡು ಬಿದ್ದರೆ?

ನಿಂತು ಯಾರೆಂದು ಹುಡುಕಬೇಡಿ, ಮಲಗಬೇಡಿ. ಎಡ ಬಲ ಅಂಕುಡೊಂಕಾಗಿ ಓಡುತ್ತಾ ಹತ್ತಿರದ ಮರ ಅಥವಾ ಬಂಡೆ ಸೇರಿ. ಗುಂಡು ಬಂದ ದಿಕ್ಕು ಪರದೆಯಲ್ಲಿ ಕೆಂಪಾಗಿ ಕಾಣುತ್ತದೆ, ಆ ದಿಕ್ಕಿಗೂ ನಿಮಗೂ ನಡುವೆ ಸ್ಮೋಕ್ ಹಾಕಿ. ಸ್ಮೋಕ್ ಮಧ್ಯದಲ್ಲೇ ನಿಂತರೆ ಹೊಗೆಯೊಳಗೆ ಸುಮ್ಮನೆ ಸ್ಪ್ರೇ ಮಾಡಿ ಬೀಳಿಸುತ್ತಾರೆ. ಒಂದು ಪಕ್ಕಕ್ಕೆ ಸರಿದಿರಿ.

ಥರ್ಡ್ ಪರ್ಸನ್‌ನಲ್ಲಿ ಗೋಡೆಯ ಹಿಂದಿನವರಿಗೆ ಏನು ಲಾಭ?

ದೊಡ್ಡ ಲಾಭ. ನಿಮ್ಮ ದೇಹ ಪೂರಾ ಮರೆಯಲ್ಲಿದ್ದರೂ ಕ್ಯಾಮೆರಾ ಗೋಡೆಯಾಚೆ ನೋಡುತ್ತದೆ. ಓಡಿ ಬರುವವನನ್ನು ನೀವು ನೋಡುತ್ತೀರಿ, ಅವನಿಗೆ ನೀವಿಲ್ಲ. ಕ್ಯಾಮೆರಾ ಬಲಭುಜದ ಮೇಲಿರುವುದರಿಂದ ಗೋಡೆಯ ಬಲ ಅಂಚಿನಿಂದ ಇಣುಕಿದರೆ ದೇಹ ಕಡಿಮೆ ಹೊರಬರುತ್ತದೆ. ಎಡ ಅಂಚಿನಲ್ಲಿ ನಿಲ್ಲಬೇಕಾದರೆ ಪೀಕ್ ಬಟನ್ ಬಳಸಿ. ಒಂದೇ ಕಡೆಯಿಂದ ಎರಡನೇ ಸಲ ತಲೆ ಹಾಕಬೇಡಿ, ಅವನ ಸ್ಕೋಪ್ ಅಲ್ಲೇ ಕಾಯುತ್ತಿರುತ್ತದೆ.

ಜೊತೆಗಾರ ನಾಕ್ ಆದ. ತಕ್ಷಣ ಎತ್ತಬೇಕಾ?

ಇಲ್ಲ. ಹೊಡೆದವನು ಎಲ್ಲಿದ್ದಾನೆ ಎಂದು ತಿಳಿಯದೆ ಎತ್ತಲು ಹೋದರೆ ಇಬ್ಬರೂ ಬೀಳುತ್ತೀರಿ. ನಾಕ್ ಆದವರೇ ಕವರ್ ಕಡೆ ತೆವಳಿಕೊಂಡು ಬರಲಿ, ನೀವು ಸ್ಮೋಕ್ ಹಾಕಿ. ರಿವೈವ್‌ಗೆ ಸುಮಾರು 10 ಸೆಕೆಂಡ್ ಬೇಕು, ಒಂದು ಸ್ಮೋಕ್ ನಂಬಿಕೊಳ್ಳದೆ ಎರಡು ಹಾಕಿ. ಮೂರನೆಯವರು ಹೊಗೆಯ ಹೊರಗೆ ನಿಂತು ಶತ್ರುವಿನ ದಿಕ್ಕು ಕಾಯಲಿ. ಪೂರಾ ಸತ್ತರೂ ರೀಕಾಲ್ ಇರುವ ಪಂದ್ಯವಾದರೆ ಪೆಟ್ಟಿಗೆಯ ಹತ್ತಿರ ಹೋಗಿ ಅವರ ಗುರುತಿನ ಕಾರ್ಡ್ ಎತ್ತಿಕೊಳ್ಳಿ, ಟವರ್ ಹತ್ತಿರ ಹೋಗಿ ಮರಳಿ ಕರೆಸಬಹುದು. ಇದು ಪಂದ್ಯದ ಮೊದಲ ಭಾಗದಲ್ಲಿ ಮಾತ್ರ.

ಹೀಲಿಂಗ್ ಯಾವ ಕ್ರಮದಲ್ಲಿ?

ಪೂರ್ತಿ ಜೀವ 100 ಅಂಕ. ಬ್ಯಾಂಡೇಜ್ ಒಂದಕ್ಕೆ ಜೀವ 10 ಅಂಕ ಏರುತ್ತದೆ, 4 ಸೆಕೆಂಡ್ ಬೇಕು. ಫಸ್ಟ್ ಏಡ್ 6 ಸೆಕೆಂಡ್‌ನಲ್ಲಿ 75ಕ್ಕೆ ತರುತ್ತದೆ. ಮೆಡ್ ಕಿಟ್ 8 ಸೆಕೆಂಡ್, ಪೂರ್ತಿ 100. ಫಸ್ಟ್ ಏಡ್‌ನಿಂದ 75 ಆದ ಮೇಲೆ ಉಳಿದದ್ದನ್ನು ಎನರ್ಜಿ ಡ್ರಿಂಕ್ ನಿಧಾನವಾಗಿ ತುಂಬುತ್ತದೆ, ಅದಕ್ಕಾಗಿ ಮೆಡ್ ಕಿಟ್ ಖರ್ಚು ಮಾಡಬೇಡಿ.

ಡ್ರಿಂಕ್ ಒಂದಕ್ಕೆ ಬೂಸ್ಟ್ 40, ಪೇನ್‌ಕಿಲ್ಲರ್‌ಗೆ 60. ಬೂಸ್ಟ್ ಪಟ್ಟಿಯಲ್ಲಿ ನಾಲ್ಕು ಭಾಗಗಳಿವೆ, ಮೂರನೆಯ ಭಾಗ ಶುರುವಾಗುವುದು 60 ದಾಟಿದ ಮೇಲೆ, ಅಲ್ಲಿಂದ ಓಟದ ವೇಗವೂ ಏರುತ್ತದೆ. ಅಂದರೆ ಎರಡು ಡ್ರಿಂಕ್ ಕುಡಿದವರು ಒಂದು ಕುಡಿದವರಿಗಿಂತ ಬೇಗ ಓಡುತ್ತಾರೆ. ಬಯಲು ದಾಟುವ ಮುಂಚೆ, ರಶ್‌ಗೆ ಹೊರಡುವ ಮುಂಚೆ ಬೂಸ್ಟ್ ತುಂಬಿಸಿಕೊಳ್ಳಿ. ಪೆಟ್ಟು ಬಿದ್ದ ಮೇಲೆ ಕುಡಿಯುವುದು ತಡ.

ಏರ್‌ಡ್ರಾಪ್ ಹಿಂದೆ ಹೋಗಬಹುದಾ?

ಗಾಡಿಯಿದ್ದು, 300 ಮೀಟರ್ ಒಳಗೆ ಬಿದ್ದು, ನಿಮ್ಮ ದಾರಿಯಲ್ಲೇ ಇದ್ದರೆ ಸರಿ. ಇಲ್ಲದಿದ್ದರೆ ಅದನ್ನು ಮೀನಿಗೆ ಹಾಕಿದ ಗಾಳವೆಂದು ತಿಳಿಯಿರಿ. ಅದು ಕಾಣುವ ಎತ್ತರದ ಜಾಗ ಹಿಡಿದು, ಬರುವವರನ್ನು ಕಾಯುವುದರಲ್ಲಿ ಲಾಭ ಹೆಚ್ಚು.

ವಾಯ್ಸ್ ಚಾಟ್‌ನಲ್ಲಿ ಹೇಗೆ ಮಾತಾಡಬೇಕು?

ಕನ್ನಡದವರ ಸ್ಕ್ವಾಡ್‌ಗಳಲ್ಲಿ ಸಾಮಾನ್ಯವಾಗಿ ಕೇಳುವ ಮಾತು: "ಲೋ ಮಗಾ, ಅಲ್ಲವ್ನೆ, ಅಲ್ಲೇ ಕಣೋ, ನನ್ ಎಡಕ್ಕೆ!" ನಿಮ್ಮ ಎಡ ಅವರ ಎಡವಲ್ಲ. ಮೇಲಿನ ದಿಕ್ಸೂಚಿಯ ಸಂಖ್ಯೆ, ವಸ್ತು, ಎಷ್ಟು ಜನ, ಏನು ಮಾಡುತ್ತಿದ್ದಾರೆ, ಇಷ್ಟೇ ಸಾಕು. "285, ದೊಡ್ಡ ಮರ, ಒಬ್ಬ, ಹೀಲ್ ಮಾಡ್ತಿದಾನೆ." ನಾಕ್ ಮಾಡಿದರೆ "285 ನಾಕ್, ಇನ್ನೊಬ್ಬ ಹಿಂದೆ". ತಪ್ಪು ಮಾಡಿದವರನ್ನು ಬಯ್ಯುವುದು ಪಂದ್ಯ ಮುಗಿದ ಮೇಲೆ ಇರಲಿ. ಆ ಬೈಗುಳದ ಸದ್ದಿನಲ್ಲಿ ಹೆಜ್ಜೆ ಸದ್ದು ಮುಚ್ಚಿಹೋಗುತ್ತದೆ. ಸತ್ತವರು ಮೈಕ್ ಮ್ಯೂಟ್ ಮಾಡಿ, ಕಂಡದ್ದಿದ್ದರೆ ಮಾತ್ರ ಹೇಳಲಿ.

ಯಾವಾಗ ಹೊರಡಬೇಕು, ಯಾವಾಗ ನಿಲ್ಲಬೇಕು ಎನ್ನುವ ಮಾತು ಒಬ್ಬರದೇ ಆಗಿರಬೇಕು, ಅವರು ಐಜಿಎಲ್ (ಇನ್-ಗೇಮ್ ಲೀಡರ್). ಅವರ ನಿರ್ಧಾರ ಸ್ವಲ್ಪ ತಪ್ಪಿದ್ದರೂ ನಾಲ್ವರೂ ಒಟ್ಟಿಗೆ ಪಾಲಿಸಿದರೆ ನಡೆಯುತ್ತದೆ. ಇಬ್ಬರು ಹೊರಟು ಇಬ್ಬರು ಉಳಿದರೆ ಎರಡೂ ಕಡೆ ಸೋಲು.

ಕೊನೆಯ ಹತ್ತು ಜನರಲ್ಲಿ ಬರುತ್ತೇವೆ, ಗೆಲ್ಲುವುದಿಲ್ಲ. ಏನು ತಪ್ಪು?

ಬಹಳ ಸಲ ತಪ್ಪು ಆಗಿರುವುದು ಎರಡು ಸರ್ಕಲ್ ಹಿಂದೆ. ಕೊನೆಯ ಸರ್ಕಲ್‌ಗೆ ತಗ್ಗಿನ ಕಡೆಯಿಂದ ಬಂದ ತಂಡಕ್ಕೆ ಅಲ್ಲಿ ಮಾಡಲು ಹೆಚ್ಚೇನೂ ಉಳಿದಿರುವುದಿಲ್ಲ. ಆದರೂ ಕೆಲವು ವಿಷಯ ಕೈಯಲ್ಲಿವೆ.

ಎಣಿಸುತ್ತಿರಿ. ಉಳಿದವರು 9, ನೀವು 4, ಅಂದರೆ 5 ಜನ. ಈಚಿನ ಕಿಲ್ ಪಟ್ಟಿ ನೋಡಿದರೆ ಅದು ಒಂದು ಪೂರ್ಣ ತಂಡ ಮತ್ತು ಒಂಟಿ ಒಬ್ಬನೋ, ಮೂರು ಮತ್ತು ಎರಡೋ ಎಂದು ಅಂದಾಜು ಸಿಗುತ್ತದೆ. ಒಂಟಿಯಾಗಿರುವವನು ಹುಲ್ಲಿನಲ್ಲಿ ಮಲಗಿರುತ್ತಾನೆ, ಅವನಿಂದ ತಕ್ಷಣದ ಅಪಾಯ ಕಡಿಮೆ. ತಂಡವಾಗಿ ಇರುವವರ ಮೇಲೆ ಕಣ್ಣಿಡಿ.

ನಾಲ್ವರೂ ಒಂದೇ ಬಂಡೆಯ ಹಿಂದೆ ಕೂರಬೇಡಿ, ಒಂದು ಗ್ರೆನೇಡ್ ಸಾಕು. ಹತ್ತು ಹದಿನೈದು ಮೀಟರ್ ಅಂತರದಲ್ಲಿ, ಒಬ್ಬರಿಗೊಬ್ಬರು ಕಾಣುವಂತೆ ಹರಡಿಕೊಳ್ಳಿ. ಎರಡು ತಂಡ ಜಗಳಕ್ಕೆ ಬಿದ್ದರೆ ನೀವು ಗುಂಡು ಹಾರಿಸಬೇಡಿ. ಒಂದು ತಂಡ ಮುಗಿಯುವ ಹೊತ್ತಿಗೆ, ಗೆದ್ದವರು ಹೀಲ್ ಮಾಡಲು ಕೂತಾಗ ಹೊಡೆಯಿರಿ. ಬೇಗ ಹೊಡೆದರೆ ಅವರಿಬ್ಬರೂ ಜಗಳ ಬಿಟ್ಟು ನಿಮ್ಮ ಕಡೆ ತಿರುಗುತ್ತಾರೆ.

ಮರ, ಬಂಡೆ ಏನೂ ಇಲ್ಲದ ಹೊಲಕ್ಕೆ ಸರ್ಕಲ್ ಬಿದ್ದರೆ ಉಳಿದ ಸ್ಮೋಕ್ ಎಲ್ಲವೂ ಈಗಲೇ ಹೊರಬರಲಿ. ನಿಮ್ಮ ಮೇಲಲ್ಲ, ಮುಂದೆ ಹೋಗಬೇಕಾದ ಜಾಗದ ಮೇಲೆ ಹಾಕಿ. ಶತ್ರು ಮಲಗಿರಬಹುದಾದ ಹುಲ್ಲಿನ ಮೇಲೆ ಮೊಲೊಟೊವ್ ಹಾಕಿದರೆ ಎದ್ದು ಓಡಲೇಬೇಕು. ಝೋನ್ ಇನ್ನೂ ಸರಿಯುವ ಮುಂಚೆಯೇ ಹೊಸ ಜಾಗಕ್ಕೆ ಹೋಗಿ ಕೂತವರಿಗೆ, ಝೋನ್ ದೂಡಿಕೊಂಡು ಬರುವವರು ಒಬ್ಬೊಬ್ಬರಾಗಿ ಎದುರಿಗೇ ಸಿಗುತ್ತಾರೆ.

ನಾನೊಬ್ಬನೇ ಉಳಿದರೆ?

ಕಿಲ್ ಆಸೆ ಬಿಟ್ಟು ಸ್ಥಾನ ಏರಿಸಿ. ಪ್ರತಿ ತಂಡ ಹೋದಂತೆಲ್ಲ ನಿಮ್ಮ ತಂಡದ ಸ್ಥಾನ ಮೇಲೇರುತ್ತದೆ. ಮೂತಿಗೆ ಸಪ್ರೆಸರ್ ಹಾಕಿಕೊಳ್ಳಿ. ಕೊನೆಗೆ ಇಬ್ಬರು ಉಳಿದ ತಂಡ ಎದುರಾದರೆ ಒಬ್ಬನನ್ನು ನಾಕ್ ಮಾಡಿ ಅಲ್ಲೇ ಬಿಡಿ, ಎತ್ತಲು ಬರುವ ಇನ್ನೊಬ್ಬನನ್ನು ಕಾಯಿರಿ.

ಫೋನ್ ಬಿಸಿಯಾಗುತ್ತದೆ, ಪಿಂಗ್ ಏರುತ್ತದೆ.

ಗ್ರಾಫಿಕ್ಸ್ "ಸ್ಮೂತ್", ಫ್ರೇಮ್ ರೇಟ್ ನಿಮ್ಮ ಫೋನ್ ಒಂದೇ ಸಮ ಕೊಡಬಲ್ಲಷ್ಟು. 60 ಮತ್ತು 35ರ ನಡುವೆ ಜೀಕುವುದಕ್ಕಿಂತ ಸ್ಥಿರವಾದ 40 ಮೇಲು. ಚಾರ್ಜ್‌ಗೆ ಹಾಕಿಕೊಂಡು ಆಡಬೇಡಿ, ದಪ್ಪ ಕವರ್ ತೆಗೆಯಿರಿ. ಕರೆಗಳು ಬರದಂತೆ ಡು ನಾಟ್ ಡಿಸ್ಟರ್ಬ್ ಹಾಕಿ. ವೈಫೈ ರೂಟರ್ ಇರುವ ಕೋಣೆಯಲ್ಲೇ ಕೂತು 5 ಗಿಗಾಹರ್ಟ್ಸ್ ಬ್ಯಾಂಡ್ ಹಿಡಿಯಿರಿ. ಇಯರ್‌ಫೋನ್ ತಂತಿಯದ್ದೇ ಆಗಲಿ, ಬ್ಲೂಟೂತ್‌ನಲ್ಲಿ ಹೆಜ್ಜೆ ಸದ್ದು ತಡವಾಗಿ ಬರುತ್ತದೆ.

ಮಾಡ್ ಎಪಿಕೆ, ಹಣ ಕಟ್ಟಿ ಆಡುವ ಕಸ್ಟಮ್ ರೂಮ್‌ಗಳು?

ಎರಡೂ ಬೇಡ. ಆಟದ ಫೈಲ್ ತಿದ್ದುವ ಆ್ಯಪ್‌ಗಳಿಂದ ಖಾತೆ ಬ್ಯಾನ್ ಆಗುತ್ತದೆ. ಹಣ ಕಟ್ಟಿ ಹಣ ಗೆಲ್ಲುವ ಆನ್‌ಲೈನ್ ಆಟಗಳನ್ನು ಕೇಂದ್ರದ 2025ರ ಆನ್‌ಲೈನ್ ಗೇಮಿಂಗ್ ಕಾಯ್ದೆ ನಿಷೇಧಿಸಿದೆ, ಇ-ಸ್ಪೋರ್ಟ್ಸ್ ಅನ್ನು ಅದು ಬೇರೆಯಾಗಿ ಗುರುತಿಸುತ್ತದೆ. ಗುರುತಿಲ್ಲದವರ ನಂಬರ್‌ಗೆ ಎಂಟ್ರಿ ಫೀ ಕಳಿಸಿದ ಹುಡುಗರಿಗೆ ರೂಮ್ ಐಡಿಯೂ ಬರುವುದಿಲ್ಲ, ಹಣವೂ ಬರುವುದಿಲ್ಲ.

ದಿನಕ್ಕೆ ಎಷ್ಟು ಹೊತ್ತು ಅಭ್ಯಾಸ ಮಾಡಬೇಕು?

2023ರ ಮೇ ತಿಂಗಳಲ್ಲಿ ಬಿಜಿಎಂಐ ಮರಳಿ ಬಂದಾಗ 18 ವರ್ಷದೊಳಗಿನವರಿಗೆ ದಿನಕ್ಕೆ 3 ಗಂಟೆ, ಉಳಿದವರಿಗೆ 6 ಗಂಟೆಯ ಮಿತಿ ಹಾಕಿತ್ತು. ಕಲಿಯುವುದಕ್ಕೆ ಅಷ್ಟೂ ಬೇಕಿಲ್ಲ. ಟ್ರೈನಿಂಗ್ ಗ್ರೌಂಡ್‌ನಲ್ಲಿ 15 ನಿಮಿಷ ಸ್ಪ್ರೇ, ವೇರ್‌ಹೌಸ್ ಮ್ಯಾಪಿನಲ್ಲಿ ಟಿಡಿಎಂ (ಟೀಮ್ ಡೆತ್‌ಮ್ಯಾಚ್) ಎರಡು ಆಟ, ಆಮೇಲೆ ಎರಡು ಕ್ಲಾಸಿಕ್. ಪ್ರತಿ ಕ್ಲಾಸಿಕ್ ಮುಗಿದ ಮೇಲೆ ನಾಲ್ವರೂ ಸೇರಿ, ಮೊದಲ ನಾಕ್ ಆದಾಗ ಯಾರು ಎಲ್ಲಿ ನಿಂತಿದ್ದರು ಎಂದು ಮ್ಯಾಪ್ ತೆರೆದು ಎರಡು ನಿಮಿಷ ಮಾತಾಡಿ. ಮುಂದಿನ ಪಂದ್ಯಕ್ಕೆ ಅದರಲ್ಲಿ ಒಂದೇ ಒಂದು ತಪ್ಪನ್ನು ತಿದ್ದಿಕೊಳ್ಳಲು ಆರಿಸಿಕೊಳ್ಳಿ.